ಪೇಟ ಇಡುವ ಮೊದಲು ತಾರೀಖು ಇಡಿ: ವಿಶ್ವೇಶ್ವರಯ್ಯ ಆಗಹೊರಟ ಇತಿಹಾಸದ ಮೇಷ್ಟ್ರಿಗೆ

ಪ್ರಶ್ನೆ: ನಾನು ಪಿಯು ಕಾಲೇಜಿನಲ್ಲಿ ಇತಿಹಾಸ ಉಪನ್ಯಾಸಕ. ನಿವೃತ್ತಿಗೆ ಎರಡು ವರ್ಷ ಬಾಕಿ. ಆಮೇಲೆ ಶಾಲೆ, ಕಾಲೇಜುಗಳಿಗೆ ಹೋಗಿ ಸರ್ ಎಂ. ವಿಶ್ವೇಶ್ವರಯ್ಯನವರ ವೇಷದಲ್ಲಿ, ಅವರೇ ಮಾತಾಡಿದ ಹಾಗೆ ಒಂದು ಗಂಟೆಯ ಕಾರ್ಯಕ್ರಮ ಕೊಡಬೇಕೆಂಬ ಆಸೆ. ಹುಟ್ಟಿನಿಂದ ಭಾರತರತ್ನದವರೆಗೆ ಸ್ಕ್ರಿಪ್ಟ್ ಬರೆದೆ, 40 ಪುಟ ಆಗಿದೆ. ನಟನೆ ಮಾಡಿ ಗೊತ್ತಿಲ್ಲ. ಕೊನೆಗೆ ಪ್ರೇಕ್ಷಕರ ಪ್ರಶ್ನೆಗಳಿಗೆ ಅವರಾಗಿಯೇ ಉತ್ತರ ಕೊಡಬೇಕೆಂದಿದೆ, ಆದರೆ ಭಯ. ಎಲ್ಲಿಂದ ಶುರು ಮಾಡಲಿ?

ಉತ್ತರ: ಆ 40 ಪುಟವನ್ನು ಪಕ್ಕಕ್ಕೆ ಎತ್ತಿಡುವುದರಿಂದ ಶುರು ಮಾಡಿ. ಬಿಸಾಡಬೇಡಿ, ಪ್ರಶ್ನೋತ್ತರದ ತಯಾರಿಗೆ ಬೇಕಾಗುತ್ತದೆ. ಆದರೆ ವೇದಿಕೆಗೆ ಅದು ಬರುವಂಥದ್ದಲ್ಲ. ತನ್ನ ಹುಟ್ಟು, ಓದು, ದಿವಾನಗಿರಿ, ಭಾರತರತ್ನ ಎಲ್ಲವನ್ನೂ ಒಂದೇ ಉಸಿರಿಗೆ ಹೇಳುವ ವಿಶ್ವೇಶ್ವರಯ್ಯನವರು ಯಾವ ದಿನ, ಯಾವ ಊರಲ್ಲೂ ಇರಲಿಲ್ಲ. ಹಾಗೆ ಮಾತಾಡಿದರೆ ಅದು ಪೇಟ ಸುತ್ತಿಕೊಂಡ ಪಠ್ಯಪುಸ್ತಕವಾಗುತ್ತದೆ. ಈ ಕೆಲಸದಲ್ಲಿ ನಟನೆ ಬಾರದೆ ಸೋತವರಿಗಿಂತ ಇತಿಹಾಸ ಹೆಚ್ಚು ಗೊತ್ತಿದ್ದು ಸೋತವರೇ ಜಾಸ್ತಿ. ಮುಂದೆ ಏನಾಯಿತೆಂದು ನಿಮಗೆ ಗೊತ್ತು, ಪಾತ್ರಕ್ಕೆ ಗೊತ್ತಿಲ್ಲ. ಗೊತ್ತಿದ್ದನ್ನು ತಡೆದು ನಿಲ್ಲುವುದೇ ನೀವು ಕಲಿಯಬೇಕಾದ ನಟನೆ. ಮಿಕ್ಕದ್ದು ಅಭ್ಯಾಸದಿಂದ ಬರುತ್ತದೆ.

ಹಾಗಾಗಿ ಮೊದಲು ಒಂದು ದಿನವನ್ನು ಗೊತ್ತುಮಾಡಿಕೊಳ್ಳಿ. ನನ್ನ ಸಲಹೆ 1916ರ ದಸರಾ, ಮೈಸೂರು, ಪ್ರಜಾಪ್ರತಿನಿಧಿ ಸಭೆ ಸೇರಿದ ಹೊತ್ತು. ಆ ತಾರೀಖು ಇಟ್ಟ ಕೂಡಲೇ ಅರ್ಧ ಸ್ಕ್ರಿಪ್ಟ್ ತಾನಾಗಿ ಉದುರುತ್ತದೆ. ದಿವಾನರಾಗಿ ನಾಲ್ಕು ವರ್ಷ ತುಂಬುತ್ತಾ ಬಂದಿದೆ (1912ರ ನವೆಂಬರಿನಲ್ಲಿ ಅಧಿಕಾರ ವಹಿಸಿಕೊಂಡವರು). 'ಸರ್' ಆಗಿದ್ದು ಹೋದ ವರ್ಷವಷ್ಟೇ, 1915ರಲ್ಲಿ. ವಿಶ್ವವಿದ್ಯಾನಿಲಯಕ್ಕೆ ಎರಡೂವರೆ ತಿಂಗಳು. ಕನ್ನಂಬಾಡಿಯ ಕೆಲಸ 1911ರಲ್ಲಿ ಶುರುವಾಗಿ ನಡೆಯುತ್ತಲೇ ಇದೆ. ಭದ್ರಾವತಿಯ ಕಬ್ಬಿಣದ ಕುಲುಮೆ ಉರಿಯುವುದು 1923ಕ್ಕೆ, ಅದರ ಸುದ್ದಿ ಬೇಡ. ಬೃಂದಾವನ ಮುಂದೆ ದಿವಾನರಾದ ಮಿರ್ಜಾ ಇಸ್ಮಾಯಿಲ್ ಕಾಲದ್ದು, ಅದೂ ಬೇಡ. ಯೂರೋಪಿನಲ್ಲಿ ಯುದ್ಧ ನಡೆದಿದೆ, ಆದರೆ ಅದು 'ಮೊದಲನೇ ಮಹಾಯುದ್ಧ' ಅಲ್ಲ. ಎರಡನೆಯದು ಬರದೆ ಮೊದಲನೆಯದು ಎಲ್ಲಿಂದ ಬಂತು? ಬಾಯಿ ತಪ್ಪಿ ಬರುವ ಮಾತುಗಳಲ್ಲಿ ಇದೇ ದೊಡ್ಡದು. ಗಾಂಧಿಯವರ ಹೆಸರು ದಿವಾನರಿಗೆ ಗೊತ್ತಿರುತ್ತದೆ, 1915ರ ಮೇ ತಿಂಗಳಲ್ಲಿ ಗೋಖಲೆಯವರ ಭಾವಚಿತ್ರ ಅನಾವರಣಕ್ಕೆ ಬೆಂಗಳೂರಿಗೆ ಬಂದು ಹೋಗಿದ್ದಾರೆ. ಆದರೆ ಪಾತ್ರದ ಬಾಯಲ್ಲಿ ಅವರು ದಕ್ಷಿಣ ಆಫ್ರಿಕಾದಲ್ಲಿ ಹೋರಾಡಿದ ಗಾಂಧಿಯವರೇ ಹೊರತು ರಾಷ್ಟ್ರಪಿತ ಅಲ್ಲ.

ಈ ದಿನವೇ ಯಾಕೆ ಅಂದರೆ ಇನ್ನೊಂದು ಅನುಕೂಲವಿದೆ. ಪ್ರೇಕ್ಷಕರಿಗೂ ಒಂದು ಪಾತ್ರ ಸಿಗುತ್ತದೆ. ಅವರು ತಾಲ್ಲೂಕುಗಳಿಂದ ಬಂದ ಪ್ರತಿನಿಧಿಗಳು, ನೀವು ದಿವಾನರು. ಪ್ರತಿನಿಧಿಗಳು ಅಹವಾಲು ಹೇಳುವುದು, ದಿವಾನರು ಕೇಳುವುದು ಆ ಸಭೆಯ ಪದ್ಧತಿಯೇ ಆಗಿತ್ತು. ಹೀಗಾಗಿ ಪ್ರಶ್ನೋತ್ತರ ಹೊರಗಿನಿಂದ ಅಂಟಿಸಿದ ಹಾಗೆ ಕಾಣುವುದಿಲ್ಲ. ಯಾರಾದರೂ ಎದ್ದು ನಿಂತರೆ ಮೊದಲು "ತಮ್ಮದು ಯಾವ ತಾಲ್ಲೂಕು?" ಅಂತ ಕೇಳಿ. ಉತ್ತರ ಯೋಚಿಸಲು ಹತ್ತು ಸೆಕೆಂಡ್ ಸಿಗುತ್ತದೆ, ಜೊತೆಗೆ ಪಾಠವೂ ಆಗುತ್ತದೆ. ಆಗಿನ ಮೈಸೂರು ಸಂಸ್ಥಾನಕ್ಕೆ ಎಂಟೇ ಜಿಲ್ಲೆ: ಬೆಂಗಳೂರು, ಕೋಲಾರ, ತುಮಕೂರು, ಮೈಸೂರು, ಹಾಸನ, ಕಡೂರು, ಶಿವಮೊಗ್ಗ, ಚಿತ್ರದುರ್ಗ. ಮಂಡ್ಯದವರು ಮೈಸೂರು ಜಿಲ್ಲೆಯವರು, ಚಿಕ್ಕಮಗಳೂರಿನವರು ಕಡೂರು ಜಿಲ್ಲೆಯವರು. ಧಾರವಾಡ ಎಂದರೆ ಅದು ಬೊಂಬಾಯಿ ಪ್ರಾಂತ್ಯ, ಮಂಗಳೂರು, ಬಳ್ಳಾರಿ ಮದ್ರಾಸಿನವು, ಕಲಬುರಗಿ ನಿಜಾಮರದ್ದು. "ಬಳ್ಳಾರಿಯಿಂದ ಬಂದಿರಾ? ಹಾಗಾದರೆ ತಾವು ನಮ್ಮ ಅತಿಥಿಗಳು, ನಿಮ್ಮ ತೆರಿಗೆಯ ದೂರನ್ನು ಮದ್ರಾಸಿಗೇ ಬರೆಯಬೇಕು" ಎಂದರೆ ಏಕೀಕರಣ ಯಾಕೆ ಬೇಕಾಯಿತು ಎನ್ನುವುದು ಹುಡುಗರಿಗೆ ಒಂದೇ ವಾಕ್ಯದಲ್ಲಿ ತಲುಪುತ್ತದೆ.

ಇನ್ನು ಆಕರ. ನೀವು ಆರಿಸಿದ ವ್ಯಕ್ತಿ ಈ ಕೆಲಸಕ್ಕೆ ಒಪ್ಪುವವರು, ಯಾಕೆಂದರೆ ಅವರ ಸ್ವಂತ ಮಾತು ರಾಶಿ ಬಿದ್ದಿದೆ. ಕಿತ್ತೂರಿನ ರಾಣಿ ಚೆನ್ನಮ್ಮನನ್ನೋ ಕೆಂಪೇಗೌಡರನ್ನೋ ಆರಿಸಿದ್ದರೆ 'ಬೇಡ' ಎನ್ನುತ್ತಿದ್ದೆ. ಜನರ ಕಿವಿಯಲ್ಲಿರುವ ಚೆನ್ನಮ್ಮನ ಮಾತು ನಾಟಕ, ಸಿನಿಮಾದ್ದು. ಅದನ್ನು ಹೇಳಿದರೆ ಇತಿಹಾಸಕಾರ ಸೋಲುತ್ತಾನೆ, ಹೇಳದಿದ್ದರೆ ಪ್ರೇಕ್ಷಕ ಮುನಿಸಿಕೊಳ್ಳುತ್ತಾನೆ. ಅಂಥ ಕಡೆ ರಾಣಿಯ ಬದಲು ರಾಣಿಯನ್ನು ನೋಡಿದ ಒಬ್ಬ ಕಾರಕೂನನೋ ಸಿಪಾಯಿಯೋ ಆಗಿ ನಿಲ್ಲುವುದು ಲೇಸು. ವಿಶ್ವೇಶ್ವರಯ್ಯನವರ ವಿಷಯದಲ್ಲಿ ಆ ತಾಪತ್ರಯವಿಲ್ಲ. ದಿವಾನರಾಗಿ ಮಾಡಿದ ಭಾಷಣಗಳನ್ನು ಬೆಂಗಳೂರಿನ ಸರ್ಕಾರಿ ಮುದ್ರಣಾಲಯವೇ ಸಂಪುಟವಾಗಿ ಅಚ್ಚು ಹಾಕಿದೆ. ಪ್ರಜಾಪ್ರತಿನಿಧಿ ಸಭೆಯ ನಡಾವಳಿ, ಸಂಸ್ಥಾನದ ವಾರ್ಷಿಕ ಆಡಳಿತ ವರದಿಗಳನ್ನು ರಾಜ್ಯ ಪತ್ರಾಗಾರದಲ್ಲಿ ಕೇಳಿ ನೋಡಿ. ಒಂದು ಎಚ್ಚರಿಕೆ: 1951ರಲ್ಲಿ ಬಂದ ಅವರ ನೆನಪಿನ ಪುಸ್ತಕಕ್ಕೆ ಮೊದಲು ಕೈಹಾಕಬೇಡಿ. ಅದು ತೊಂಬತ್ತು ದಾಟಿದ ಹಿರಿಯರು ಹಿಂತಿರುಗಿ ನೋಡಿ ಬರೆದದ್ದು. 56 ವಯಸ್ಸಿನ ದಿವಾನರ ಆತುರ, ಸಿಟ್ಟು, ಲೆಕ್ಕಾಚಾರ ಎಲ್ಲ 1916ರ ಕಾಗದಗಳಲ್ಲೇ ಸಿಗಬೇಕು. ಎರಡೂ ಕಡೆ ಒಂದೇ ಘಟನೆ ಬಂದರೆ 1916ರದ್ದನ್ನು ಬಾಯಿಗೆ ಕೊಡಿ, 1951ರದ್ದನ್ನು ತಲೆಯಲ್ಲಿಡಿ.

ಹಕ್ಕಿನ ವಿಚಾರವನ್ನೂ ಇಲ್ಲೇ ಮುಗಿಸೋಣ. ನಮ್ಮ ಕಾಯಿದೆಯಲ್ಲಿ ಲೇಖಕರು ತೀರಿಕೊಂಡ ಮುಂದಿನ ವರ್ಷದಿಂದ 60 ವರ್ಷ ಕೃತಿಸ್ವಾಮ್ಯ ಇರುತ್ತದೆ. ಅವರು ತೀರಿಕೊಂಡದ್ದು 1962ರ ಏಪ್ರಿಲ್ 14. ಅಂದರೆ 2022ರ ಕೊನೆಗೆ ಅವರ ಜೀವಿತಕಾಲದಲ್ಲಿ ಪ್ರಕಟವಾದ ಸ್ವಂತ ಬರಹಗಳು ಮುಕ್ತವಾದವು. ಬೇರೆಯವರು ಬರೆದ ಜೀವನಚರಿತ್ರೆಗಳಿಗೂ ಅನುವಾದಗಳಿಗೂ ಈ ಲೆಕ್ಕ ಹಾಕಬೇಡಿ. ಅಲ್ಲಿಂದ ವಾಕ್ಯ ಎತ್ತಬೇಕಾದರೆ ಕೇಳಿ ಎತ್ತಿ.

ಈಗ ಬರವಣಿಗೆ. ವೇದಿಕೆಯಲ್ಲಿ ತಡೆದು ತಡೆದು ಮಾತಾಡುವಾಗ ಕನ್ನಡದಲ್ಲಿ ನಿಮಿಷಕ್ಕೆ 80ರಿಂದ 90 ಪದ ಹೋಗುತ್ತದೆ. ನಮ್ಮ ಪದಗಳು ಉದ್ದ, ಇಂಗ್ಲಿಷಿನ ಲೆಕ್ಕ ಹಿಡಿದರೆ ಕೈಕೊಡುತ್ತದೆ. ಮೊದಲ ಭಾಗ 25 ನಿಮಿಷಕ್ಕಿಂತ ಹೆಚ್ಚು ಬೇಡ, ಅಂದರೆ ಸುಮಾರು 2,000 ಪದ. ಬರೆದ ಮೇಲೆ ಮೂರು ಬಣ್ಣದ ಪೆನ್ನು ತೆಗೆದುಕೊಂಡು ಪ್ರತಿ ವಾಕ್ಯದ ಕೆಳಗೂ ಗೆರೆ ಹಾಕಿ: ಅವರದೇ ಮಾತಾದರೆ ನೀಲಿ, ಆ ಕಾಲದ ಬೇರೆ ದಾಖಲೆಯಲ್ಲಿದ್ದರೆ ಹಸಿರು, ನಿಮ್ಮ ಊಹೆಯಾದರೆ ಕೆಂಪು. ಕೆಂಪು ಕಾಲು ಭಾಗ ದಾಟಿದರೆ ಕತ್ತರಿ ಹಾಕಬೇಕು. ಕೆಂಪು ಇರಲೇಬಾರದು ಅಂತಲ್ಲ. ಬಾಗಿಲು ತೆರೆದು ಒಳಗೆ ಬರುವುದಕ್ಕೆ, ಗಡಿಯಾರ ನೋಡುವುದಕ್ಕೆ ಯಾವ ದಾಖಲೆಯೂ ಸಿಗದು. ಆದರೆ ಅಭಿಪ್ರಾಯಗಳ ಕೆಳಗೆ ಕೆಂಪು ಗೆರೆ ಬಿದ್ದರೆ ಅದು ನಿಮ್ಮ ಅಭಿಪ್ರಾಯ, ಅವರದ್ದಲ್ಲ.

ಪಾಠದ ಧಾಟಿ ಬಿಡಿಸುವುದು ಇದಕ್ಕಿಂತ ಕಷ್ಟ. ಒಂದು ಉದಾಹರಣೆ ನೋಡಿ. ಮೇಷ್ಟ್ರ ವಾಕ್ಯ ಹೀಗಿರುತ್ತದೆ: "1916ರ ಜುಲೈ 27ರಂದು ಮೈಸೂರು ವಿಶ್ವವಿದ್ಯಾನಿಲಯ ಸ್ಥಾಪನೆಯಾಯಿತು. ಎಚ್.ವಿ. ನಂಜುಂಡಯ್ಯನವರು ಅದರ ಮೊದಲ ಕುಲಪತಿಗಳು." ಇದನ್ನು ದಿವಾನರ ಬಾಯಿಗೆ ಹೊಂದಿಸಿದರೆ (ಇದು ನಾನು ಕಟ್ಟಿದ ಮಾದರಿ, ಅವರ ಮಾತಲ್ಲ, ನಿಮ್ಮ ಪ್ರತಿಯಲ್ಲಿ ಹಸಿರು, ಕೆಂಪು ಎರಡೂ ಬೀಳುತ್ತದೆ): "ಮೊನ್ನೆ ಜುಲೈವರೆಗೂ ನಮ್ಮ ಹುಡುಗರ ಪದವಿ ಮದ್ರಾಸಿನವರ ಕೈಯಲ್ಲಿತ್ತು. ಈಗ ನಮ್ಮದೇ ಯೂನಿವರ್ಸಿಟಿ. ನಂಜುಂಡಯ್ಯನವರನ್ನು ಕೇಳಿ, ನಾನು ದಿನಕ್ಕೆ ಎಷ್ಟು ಕಾಗದ ಕಳಿಸುತ್ತೇನೆ ಅಂತ." ವಿಷಯ ಎರಡರಲ್ಲೂ ಒಂದೇ. ಎರಡನೆಯದರಲ್ಲಿ ತಾರೀಖಿನ ಬದಲು 'ಮೊನ್ನೆ' ಬಂತು, 'ಮೊದಲ' ಎಂಬ ಪಟ್ಟ ಹೋಯಿತು, ಎದುರಿಗಿದ್ದವನಿಗೆ ನಂಜುಂಡಯ್ಯ ಯಾರೆಂದು ಗೊತ್ತು ಎನ್ನುವ ಭರವಸೆ ಬಂತು. 'ಸ್ಥಾಪನೆಯಾಯಿತು', 'ಪ್ರಮುಖ ಪಾತ್ರ ವಹಿಸಿದರು', 'ಶಿಲ್ಪಿ' ಇವು ಕಂಡಲ್ಲೆಲ್ಲ ಹೊಡೆದುಹಾಕಿ. ತನ್ನನ್ನು ತಾನೇ 'ಆಧುನಿಕ ಮೈಸೂರಿನ ಶಿಲ್ಪಿ' ಅಂತ ಯಾರೂ ಕರೆದುಕೊಳ್ಳುವುದಿಲ್ಲ.

ಪದಗಳಿಗೂ ತಾರೀಖು ಇದೆ. ಕಿಲೋಮೀಟರ್, ಲೀಟರ್ ಬೇಡ, ಮೈಲಿ ಮತ್ತು ಅಡಿ ಸಾಕು. ದುಡ್ಡು ರೂಪಾಯಿ, ಆಣೆ, ಪೈ: ರೂಪಾಯಿಗೆ 16 ಆಣೆ, ಆಣೆಗೆ 12 ಪೈ. ನಯಾಪೈಸೆ ಬಂದದ್ದು 1957ರಲ್ಲಿ. ಅಣೆಕಟ್ಟನ್ನು 'ಕನ್ನಂಬಾಡಿ' ಎನ್ನಿ, 'ಕೆಆರ್‌ಎಸ್' ಬೇಡ. ರಾಜ್ಯ 'ಮೈಸೂರು ಸಂಸ್ಥಾನ'. 1915ರಲ್ಲಿ ಹುಟ್ಟಿದ ಪರಿಷತ್ತಿನ ಆಗಿನ ಹೆಸರು ಕರ್ಣಾಟಕ ಸಾಹಿತ್ಯ ಪರಿಷತ್ತು. ಮಹಾರಾಜರು 'ಮಹಾಸ್ವಾಮಿಯವರು', ನಾಲ್ವಡಿ ಎಂದು ದಿವಾನರು ಹೆಸರಿಡಿದು ಮಾತಾಡುವುದಿಲ್ಲ, ನಂತರ ಬಂದ 'ರಾಜರ್ಷಿ'ಯೂ ಇಲ್ಲ. ಅವರ ಮನೆಮಾತು ತೆಲುಗು, ಕಚೇರಿಯ ವ್ಯವಹಾರ ಇಂಗ್ಲಿಷ್. ನೀವು ಪೂರ್ತಿ ಕನ್ನಡದಲ್ಲಿ ಮಾತಾಡುವುದು ವೇದಿಕೆಯ ಒಪ್ಪಂದ, ಅದರಲ್ಲಿ ತಪ್ಪಿಲ್ಲ. ಕೊನೆಯ ಭಾಗದಲ್ಲಿ ಒಂದು ಮಾತು ಹೇಳಿಬಿಡಿ, ಸಾಕು.

ಈಗ ನಿಮ್ಮ ಭಯಕ್ಕೆ ಬರೋಣ. ಕಾರ್ಯಕ್ರಮವನ್ನು ಮೂರು ಭಾಗ ಮಾಡಿ: 25 ನಿಮಿಷ ಭಾಷಣ, 15 ನಿಮಿಷ ದಿವಾನರಿಗೆ ಪ್ರಶ್ನೆ, ಆಮೇಲೆ ಪೇಟ ತೆಗೆದಿಟ್ಟು 20 ನಿಮಿಷ ಮೇಷ್ಟ್ರಿಗೆ ಪ್ರಶ್ನೆ. ಈ ಕ್ರಮ ಅಮೆರಿಕದಲ್ಲಿ ಪಳಗಿದ್ದು. ನ್ಯೂಯಾರ್ಕ್ ರಾಜ್ಯದ ಶಟಾಕ್ವಾ ಸರೋವರದ ದಡದಲ್ಲಿ 1874ರಲ್ಲಿ ಶುರುವಾದ ಬೇಸಿಗೆ ಶಿಬಿರದಿಂದ ಉಪನ್ಯಾಸಗಳ ಒಂದು ಪರಂಪರೆಯೇ ಬೆಳೆಯಿತು. ಇಪ್ಪತ್ತನೇ ಶತಮಾನದ ಕೊನೆಯ ದಶಕಗಳಲ್ಲಿ ಅದೇ ಹೆಸರಿನಲ್ಲಿ ಅಲ್ಲಿನ ವಿದ್ವಾಂಸರು ಐತಿಹಾಸಿಕ ವ್ಯಕ್ತಿಗಳಾಗಿ ಡೇರೆಗಳಲ್ಲಿ ನಿಲ್ಲತೊಡಗಿದರು. ಕ್ಲೇ ಜೆಂಕಿನ್ಸನ್ ಎಂಬ ವಿದ್ವಾಂಸರು ಥಾಮಸ್ ಜೆಫರ್ಸನ್ ಆಗಿ ಹೀಗೆ ದಶಕಗಳ ಕಾಲ ನಿಂತವರು. ಮೂರನೇ ಭಾಗ ಯಾಕೆ ಬೇಕೆನ್ನುವುದು ಜೆಫರ್ಸನ್ ಪಾತ್ರದಲ್ಲೇ ಗೊತ್ತಾಗುತ್ತದೆ. ಎಲ್ಲರೂ ಸಮಾನರು ಎಂದು ಬರೆದ ಮನುಷ್ಯ ಜೀವಮಾನದಲ್ಲಿ 600ಕ್ಕೂ ಹೆಚ್ಚು ಜನರನ್ನು ಗುಲಾಮರಾಗಿ ಇಟ್ಟುಕೊಂಡಿದ್ದ. ಅದನ್ನು ಕೇಳಿದಾಗ ಪಾತ್ರ ತನ್ನ ಕಾಲದ ಸಬೂಬನ್ನೇ ಹೇಳಬೇಕು, ಇಲ್ಲದಿದ್ದರೆ ಅದು ಜೆಫರ್ಸನ್ ಅಲ್ಲ. ಆ ಸಬೂಬು ಅಲ್ಲಿಗೇ ನಿಂತರೆ ಸಭೆಗೆ ಮೋಸ. ವೇಷ ಕಳಚಿದ ವಿದ್ವಾಂಸ ಬಂದು ಅದನ್ನು ಒಡೆದು ತೋರಿಸಬೇಕು.

ನಿಮ್ಮ ಸಭೆಯಲ್ಲಿ ಆ ಪ್ರಶ್ನೆ ಬರುವುದು ಸರ್ಕಾರಿ ಕೆಲಸಗಳ ಬಗ್ಗೆ. "ದಿವಾನರೇ, ಹುದ್ದೆಗಳೆಲ್ಲ ಒಂದೇ ಜಾತಿಯವರಿಗೆ ಯಾಕೆ?" ಯಾರಾದರೂ ಕೇಳಿಯೇ ಕೇಳುತ್ತಾರೆ, ಕೇಳಲೂಬೇಕು. ಪಾತ್ರದಲ್ಲಿದ್ದಾಗ ಅವರ ನಿಲುವನ್ನೇ ಹೇಳಿ: ದಕ್ಷತೆ ಮುಖ್ಯ, ವಿದ್ಯೆ ಎಲ್ಲರಿಗೂ ಹರಡಲಿ, ಜಾತಿ ನೋಡಿ ಹುದ್ದೆ ಕೊಡುವುದು ಬೇಡ. ಇಂದಿನ ಕಿವಿಗೆ ಹಿತವಾಗಲಿ ಅಂತ ಮೆತ್ತಗೆ ಮಾಡಬೇಡಿ. ಮಿಲ್ಲರ್ ಸಮಿತಿಯ ಹೆಸರು ಎತ್ತಬೇಡಿ, ಅದು 1918ರದ್ದು. ಪೇಟ ತೆಗೆದ ಮೇಲೆ ಬಿಡಿಸಿ ಹೇಳಿ: ಸರ್ಕಾರಿ ಹುದ್ದೆಗಳಲ್ಲಿ ಹಿಂದುಳಿದವರ ಪಾಲನ್ನು ನೋಡಲು ಮುಖ್ಯ ನ್ಯಾಯಾಧೀಶ ಲೆಸ್ಲಿ ಮಿಲ್ಲರ್ ಅಧ್ಯಕ್ಷತೆಯಲ್ಲಿ ಮಹಾರಾಜರು ಸಮಿತಿ ಮಾಡಿದರು, ದಿವಾನರಿಗೆ ಅದು ಒಪ್ಪಿಗೆಯಾಗಲಿಲ್ಲ, ಆ ವರ್ಷದ ಕೊನೆಗೆ ಅವರು ಹುದ್ದೆ ಬಿಟ್ಟರು, 1919ರಲ್ಲಿ ವರದಿ ಬಂತು, ಸಂಸ್ಥಾನ ಮೀಸಲಿನ ದಾರಿ ಹಿಡಿಯಿತು. ದಿವಾನರ ಮಾತು ಸರಿಯೋ ಮಹಾರಾಜರ ನಡೆ ಸರಿಯೋ ಎಂದು ಕೇಳಿದರೆ ನಿಮ್ಮ ಅಭಿಪ್ರಾಯವನ್ನು ನಿಮ್ಮ ಹೆಸರಲ್ಲಿ ಹೇಳಿ. ನನ್ನ ಓದಿನಲ್ಲಿ ಮಹಾರಾಜರು ದಿವಾನರಿಗಿಂತ ಮುಂದೆ ನೋಡಿದ್ದರು. ಅದನ್ನು ಪೇಟದೊಳಗಿನಿಂದ ಹೇಳುವಂತಿಲ್ಲ, ಅಷ್ಟೇ.

ಪ್ರಶ್ನೆಗೆ ತಯಾರಾಗುವುದು ಹೀಗೆ. ನೂರು ಕಾರ್ಡ್ ಮಾಡಿ, ಒಂದೊಂದರ ಮೇಲೆ ಒಂದು ಪ್ರಶ್ನೆ. ಹಿಂಬದಿಯಲ್ಲಿ ಉತ್ತರ ಬರೆಯಬೇಡಿ, ಮೂರರಲ್ಲಿ ಒಂದು ಗುರುತು ಹಾಕಿ: ಗೊತ್ತು ಮತ್ತು ಹೇಳುತ್ತಾರೆ, ಗೊತ್ತು ಆದರೆ ಹೇಳುವುದಿಲ್ಲ, ಗೊತ್ತಿರಲು ಸಾಧ್ಯವಿಲ್ಲ. ಎರಡನೆಯ ಗುಂಪನ್ನು ಹೊಸಬರು ಮರೆಯುತ್ತಾರೆ. ಮಹಾಸ್ವಾಮಿಯವರ ಜೊತೆ ಆಡಿದ ಮಾತು, ಮನೆಯ ವಿಷಯ ಇವನ್ನು ದಿವಾನರು ತುಂಬಿದ ಸಭೆಯಲ್ಲಿ ಬಿಚ್ಚುವುದಿಲ್ಲ. "ಅದು ಈ ಸಭೆಯ ಮುಂದಿರುವ ವಿಷಯವಲ್ಲ" ಎಂದು ಮುಂದಿನ ಕೈಯತ್ತ ನೋಡುವುದೂ ಪಾತ್ರವೇ. ಮೂರನೆಯ ಗುಂಪಿನ ಪ್ರಶ್ನೆ ಬಂದಾಗ "ಮೊಬೈಲಾ? ಹಾಗೆಂದರೇನು?" ಎಂದು ಕಣ್ಣರಳಿಸುವ ಹಾಸ್ಯ ಒಮ್ಮೆ ನಗಿಸುತ್ತದೆ, ಎರಡನೇ ಸಲಕ್ಕೆ ಪಾತ್ರವನ್ನೇ ಕೋಡಂಗಿ ಮಾಡುತ್ತದೆ. ಅದರ ಬದಲು ಪ್ರಶ್ನೆಯನ್ನು ನಿಮ್ಮ ಕಾಲದ ಹತ್ತಿರದ ವಿಷಯಕ್ಕೆ ಎಳೆದುಕೊಳ್ಳಿ. "ತಮಿಳುನಾಡಿಗೆ ಎಷ್ಟು ನೀರು ಬಿಡಬೇಕು?" ಎಂದು ಕೇಳಿದರೆ 1924ರ ಒಪ್ಪಂದವೂ ಇಲ್ಲ, ಟಿಎಂಸಿಯೂ ಇಲ್ಲ. ಆದರೆ ಮೈಸೂರು, ಮದ್ರಾಸ್ ನಡುವಿನ 1892ರ ನೀರಿನ ಒಪ್ಪಂದವಿದೆ, ಕನ್ನಂಬಾಡಿ ಕಟ್ಟೆಯ ತಕರಾರಿನಲ್ಲಿ ಬಂದ 1914ರ ಗ್ರಿಫಿನ್ ತೀರ್ಪಿದೆ, ಅದನ್ನು ಮದ್ರಾಸ್ ಒಪ್ಪದೆ ತಕರಾರು ತೆಗೆದಿದೆ. ಶಿವನಸಮುದ್ರದಿಂದ 1902ರಿಂದ ಕೋಲಾರದ ಗಣಿಗೆ ಕರೆಂಟು ಹೋಗುತ್ತಿದೆ, ಬೇಸಿಗೆಯಲ್ಲಿ ಹೊಳೆ ಬತ್ತಿದರೆ ಗಣಿಯ ಗತಿಯೇನು ಎಂಬುದು ಕಟ್ಟೆಯ ಪರ ದೊಡ್ಡ ವಾದ. ಇಷ್ಟರಲ್ಲೇ ಐದು ನಿಮಿಷ ಬಿಸಿಬಿಸಿಯಾಗಿ ಮಾತಾಡಬಹುದು, ಒಂದು ಅಕ್ಷರವೂ ಮುಂದಿನ ಕಾಲದ್ದಲ್ಲ.

ದಂತಕಥೆಗಳದ್ದು ಬೇರೆಯೇ ಕಾಟ. ಬೀದಿದೀಪದ ಕೆಳಗೆ ಓದಿದ್ದು, ಸರ್ಕಾರಿ ಕೆಲಸಕ್ಕೊಂದು, ಸ್ವಂತ ಕೆಲಸಕ್ಕೊಂದು ಮೇಣದಬತ್ತಿ ಹಚ್ಚುತ್ತಿದ್ದದ್ದು, ಹಳಿ ಬಿರುಕು ಬಿಟ್ಟದ್ದು ಸದ್ದಿನಲ್ಲೇ ಗೊತ್ತಾಗಿ ರೈಲಿನ ಸರಪಳಿ ಎಳೆದದ್ದು, ಅರಮನೆಯ ಒಡವೆ ಮಾರಿ ಕಟ್ಟೆ ಕಟ್ಟಿದ್ದು. ಹುಡುಗರು ಇವನ್ನೇ ಕೇಳುತ್ತಾರೆ. ಒಂದೊಂದಕ್ಕೂ ಆ ಕಾಲದ ಕಾಗದ ಹುಡುಕಿ. ಒಡವೆಯ ಪ್ರಶ್ನೆಗೆ ಆ ವರ್ಷಗಳ ಆಡಳಿತ ವರದಿಯ ಹಣಕಾಸಿನ ಪುಟಗಳನ್ನೇ ತೆಗೆದು ಕೂರಬೇಕು. ಕಾಗದ ಸಿಗದಿದ್ದರೆ ಪಾತ್ರದ ಬಾಯಲ್ಲಿ 'ಹೌದು'ವೂ ಬೇಡ, 'ಸುಳ್ಳು'ವೂ ಬೇಡ. "ನನ್ನ ಬಗ್ಗೆ ಜನ ಏನೇನೋ ಹೇಳುತ್ತಾರೆ. ತಾವು ಬಂದದ್ದು ಕೆರೆ ರಿಪೇರಿಯ ಅರ್ಜಿಗಲ್ಲವೇ?" ಎಂದು ದಾಟಿಸಿ. ಹುಟ್ಟಿದ ವರ್ಷವೂ ಹೀಗೇ ಒಂದು ಗುಂಡಿ: ಹಲವು ಕಡೆ 1861 ಎಂದಿದೆ, ಶತಮಾನೋತ್ಸವದ ಅಂಚೆಚೀಟಿ ಬಂದದ್ದು 1960ರಲ್ಲಿ. ಒಂದನ್ನು ಹಿಡಿದು ಕೊನೆಯವರೆಗೂ ಬಿಡಬೇಡಿ. ನಾನು ಮೇಲೆ 56 ಎಂದದ್ದು 1860ರ ಲೆಕ್ಕ.

ವೇಷಕ್ಕೆ ಜನ ತಿಂಗಳುಗಟ್ಟಲೆ ತಲೆ ಕೆಡಿಸಿಕೊಳ್ಳುತ್ತಾರೆ, ಅಷ್ಟು ಬೇಡ. ಮುಖ್ಯ ತಪ್ಪು ವಯಸ್ಸಿನದು. ಗೋಡೆಯ ಮೇಲೆ ತೂಗುವ ಚಿತ್ರ ಮುಪ್ಪಿನದು. ನಿಮ್ಮ ದಿವಾನರು ನಿಮಗಿಂತ ಹಿರಿಯರೇನಲ್ಲ. ಬಿಳಿ ಬಣ್ಣ, ಕೈಕೋಲು, ನಡುಗುವ ದನಿ ಎಲ್ಲ ಬಿಡಿ. ಆ ವರ್ಷಗಳ ಫೋಟೋ ಒಂದನ್ನು ಹಿಡಿದು ಮೀಸೆ, ಕಾಲರು, ಪೇಟದ ಅಂಚು ಎಲ್ಲ ಅದರಂತೆಯೇ ಮಾಡಿಸಿ, ನಾಲ್ಕು ಫೋಟೋಗಳಿಂದ ಒಂದೊಂದು ಎತ್ತಿಕೊಳ್ಳಬೇಡಿ. ಸನ್ಮಾನಕ್ಕೆ ತೊಡಿಸುವ ರೆಡಿಮೇಡ್ ಪೇಟ ತಲೆಯ ಮೇಲೆ ಡಬ್ಬಿಯ ಹಾಗೆ ಕೂರುತ್ತದೆ, ಲೈಟಿಗೆ ಫಳಫಳ ಹೊಳೆಯುತ್ತದೆ. ಸುತ್ತಲು ಬಲ್ಲವರಿಂದ ನಿಮ್ಮ ತಲೆಯ ಅಳತೆಗೆ ಸುತ್ತಿಸಿ, ಒಳಗಡೆ ಹತ್ತಿಬಟ್ಟೆಯ ಪಟ್ಟಿ ಹೊಲಿಸಿ. ಬೆವರು ಹಣೆಗಿಳಿಯುವುದು ಅದರಿಂದಲೇ ನಿಲ್ಲುವುದು. ಕೋಟು ಪಾಲಿಯೆಸ್ಟರ್ ಆಗದಿರಲಿ. ಕೈಗಡಿಯಾರ, ಬಾಲ್‌ಪೆನ್ನು, ಪ್ಲಾಸ್ಟಿಕ್ ಬಾಟಲಿ, ಹಸಿರು ಹೊಳಪಿನ ಕನ್ನಡಕ ಈ ನಾಲ್ಕು ಮುಂದಿನ ಸಾಲಿನ ಮಕ್ಕಳ ಕಣ್ಣಿಗೆ ತಕ್ಷಣ ಬೀಳುತ್ತವೆ. ಜೇಬಿನ ಸರಪಳಿ ಗಡಿಯಾರ, ಹಿತ್ತಾಳೆ ಲೋಟ ಸಾಕು. ಕಾಲರ್ ಮೈಕನ್ನು ಟೈಗೆ ಸಿಕ್ಕಿಸಿದರೆ ಗಂಜಿ ಹಾಕಿದ ಕಾಲರು ಉಜ್ಜಿ ಕರಕರ ಎನ್ನುತ್ತದೆ. ಕೋಟಿನ ಅಂಚಿನ ಒಳಗೆ, ಎದೆಯ ಮಧ್ಯಕ್ಕೆ ಟೇಪು ಹಾಕಿ ಅಂಟಿಸಿ, ತಂತಿಗೆ ಒಂದು ಸುತ್ತು ಸಡಿಲ ಬಿಡಿ.

ನಟನೆ ಕಲಿಯಲು ನೀನಾಸಂ, ರಂಗಾಯಣದ ಹುಡುಗರ ನಾಟಕಗಳನ್ನು ನೋಡಿ, ಕಿರು ಶಿಬಿರ ಸಿಕ್ಕರೆ ಸೇರಿ. ಆದರೆ ನಿಮಗೆ ನಿಜವಾದ ಗುರು ಕರಾವಳಿ, ಮಲೆನಾಡಿನ ತಾಳಮದ್ದಳೆ. ವೇಷವಿಲ್ಲ, ಕುಣಿತವಿಲ್ಲ, ಪಂಚೆ ಶಲ್ಯದಲ್ಲಿ ಕೂತ ಅರ್ಥಧಾರಿ ಕರ್ಣನಾಗಿ 'ನಾನು' ಎನ್ನುತ್ತಾರೆ, ಎದುರಿನವರು ಕೃಷ್ಣನಾಗಿ ಎಲ್ಲಿಂದ ಬಾಣ ಬಿಟ್ಟರೂ ಪಾತ್ರ ಬಿಡದೆ ಆ ಕ್ಷಣದಲ್ಲೇ ಉತ್ತರ ಕಟ್ಟುತ್ತಾರೆ. ಪ್ರಸಂಗದ ಪದ್ಯ ಹಾಕಿದ ಗೆರೆಯನ್ನು ದಾಟುವಂತಿಲ್ಲ, ಅದರೊಳಗೆ ಎಷ್ಟು ಬೇಕಾದರೂ ಆಡಬಹುದು. ನಿಮಗೆ ಪದ್ಯದ ಜಾಗದಲ್ಲಿ ದಾಖಲೆ ಇದೆ, ವ್ಯತ್ಯಾಸ ಅಷ್ಟೇ. ಒಂದು ರಾತ್ರಿ ಪೂರ್ತಿ ಕೂತು ಕೇಳಿ, ಸಿಕ್ಕಿಬಿದ್ದಾಗ ಅರ್ಥಧಾರಿ ಹೊತ್ತು ಹೇಗೆ ಸಂಪಾದಿಸುತ್ತಾರೆ ಎಂಬುದನ್ನು ಗುರುತು ಮಾಡಿಕೊಳ್ಳಿ. ಆಮೇಲೆ ಇಬ್ಬರು ಸಹೋದ್ಯೋಗಿಗಳನ್ನು ಕೂರಿಸಿ ನಿಮ್ಮ ನೂರು ಕಾರ್ಡನ್ನು ಕಲಸಿ ಕೇಳಿಸಿ, ಮಧ್ಯೆ ಅವರದ್ದೂ ಸೇರಲಿ. ಕೋಟು, ಪೇಟ ಹಾಕಿಕೊಂಡೇ ಕನಿಷ್ಠ ಹತ್ತು ಗಂಟೆ ಅಭ್ಯಾಸವಾಗಲಿ. ಫೋನಿನಲ್ಲಿ ರೆಕಾರ್ಡ್ ಮಾಡಿ ಕೇಳಿದರೆ ವಾಕ್ಯ ವಾಕ್ಯಕ್ಕೂ 'ಅಲ್ವಾ?' 'ಗೊತ್ತಾಯ್ತಾ?' ಎನ್ನುವ ತರಗತಿಯ ಚಾಳಿ ಸಿಕ್ಕಿಬೀಳುತ್ತದೆ. ಬೋರ್ಡಿನತ್ತ ತಿರುಗುವ ಭುಜವೂ ಅದೇ ಜಾತಿಯದು. ಅದಕ್ಕೆ ಮದ್ದು, ಕೈಗೆ ಒಂದು ಕಾಗದದ ಕಟ್ಟು ಕೊಡುವುದು.

ಪೇಟ ತೆಗೆಯುವ ಗಳಿಗೆಯನ್ನೂ ಅಭ್ಯಾಸ ಮಾಡಿ. ನಿಧಾನ ತೆಗೆದು ಮೇಜಿನ ಮೇಲಿಟ್ಟು, ಎರಡು ಹೆಜ್ಜೆ ಪಕ್ಕಕ್ಕೆ ಬಂದು, ನಿಮ್ಮ ಹೆಸರು ಹೇಳಿ ಮಾತು ಶುರುಮಾಡಿ. ಅರ್ಧ ತೆಗೆದು ಮಾತಾಡಿದರೆ ಯಾರ ಮಾತು ಯಾರದೆಂದು ಮಕ್ಕಳಿಗೆ ಕಲಸಿಹೋಗುತ್ತದೆ. ಒಮ್ಮೆ ತೆಗೆದ ಮೇಲೆ ಫೋಟೋಗಾಗಿ ಮತ್ತೆ ಇಟ್ಟುಕೊಳ್ಳಬೇಡಿ. ಫೋಟೋ ಮೊದಲೇ ಮುಗಿಸಿ.

ಮೊದಲ ಪ್ರಯೋಗಕ್ಕೆ ನಿಮ್ಮದೇ ಕಾಲೇಜಿನ ಒಂದು ತರಗತಿ, 30 ಮಕ್ಕಳು ಸಾಕು. ಸೆಪ್ಟೆಂಬರ್ 15ರ ಕರೆಗಳನ್ನು ಮೊದಲ ವರ್ಷ ಒಪ್ಪಿಕೊಳ್ಳಬೇಡಿ. ಎಂಜಿನಿಯರುಗಳ ದಿನಾಚರಣೆಗೆ ಎಲ್ಲ ಕಡೆ ವಿಶ್ವೇಶ್ವರಯ್ಯನವರು ಬೇಕು, ಆದರೆ ಅಲ್ಲಿ ಕೂತವರು ಎಂಜಿನಿಯರುಗಳು. 1903ರಲ್ಲಿ ಪುಣೆಯ ಹತ್ತಿರದ ಖಡಕ್‌ವಾಸ್ಲಾದಲ್ಲಿ ಹಾಕಿಸಿದ ಸ್ವಯಂಚಾಲಿತ ಗೇಟುಗಳು ಹೇಗೆ ಕೆಲಸ ಮಾಡುತ್ತಿದ್ದವು ಎಂದು ಯಾರಾದರೂ ಕೇಳುತ್ತಾರೆ. ನೀರು ಒಂದು ಮಟ್ಟ ಮುಟ್ಟಿದರೆ ಅದರ ಬಲಕ್ಕೇ ಗೇಟು ಏಳುತ್ತದೆ, ಇಳಿದರೆ ಕೂರುತ್ತದೆ, ಕಟ್ಟೆ ಎತ್ತರಿಸದೆ ಹೆಚ್ಚು ನೀರು ನಿಲ್ಲಿಸಬಹುದು. ಇಷ್ಟನ್ನು ಮೇಜಿನ ಮೇಲಿನ ಲೋಟ, ಪುಸ್ತಕ ಇಟ್ಟು ತೋರಿಸಲು ಬಂದ ಮೇಲೆ ಆ ಕರೆ ಒಪ್ಪಿಕೊಳ್ಳಿ. ಮಿಕ್ಕ ವಿಷಯದಲ್ಲಿ ದಿವಾನರಿಗೆ ಮರೆವು ಬರಬಹುದು, ಆ ಗೇಟಿನ ವಿಷಯದಲ್ಲಿ ಬರುವ ಹಾಗಿಲ್ಲ.